ಸೋಮವಾರದ ಚಪ್ಪಾಳೆ

"ಕೈ ತಟ್ಟಿ," ಎಂದಳು ವರ್ಲೀನ್, ತುಟಿ ಅಲ್ಲಾಡಿಸದೆ. "ಇಲ್ಲಾಂದ್ರೆ ಎಬ್ಬಿಸಿ ಹಿಂದಿನ ಸಾಲಿಗೆ ಕಳಿಸ್ತಾರೆ."

ಪಕ್ಕದ ಸೀಟಿನ ಗಂಡಸು ಬೆಚ್ಚಿ ಅವಳ ಕಡೆ ತಿರುಗಿದ. ಬಸ್ ಡ್ರೈವರನ ನೀಲಿ ಕೋಟು, ಮೊಣಕಾಲ ಮೇಲೆ ಟೋಪಿ, ಅಗಲವಾದ ಮುಖ. "ಇನ್ನೂ ಯಾರೂ ಬಂದೇ ಇಲ್ಲವಲ್ಲ, ಯಾರಿಗೆ ತಟ್ಟೋದು?"

"ಬಂದಾಗ ಹೇಗೆ ತಟ್ಟಬೇಕು ಅಂತ ಈಗ ಕಲಿಸ್ತಿದ್ದಾರೆ. ಅಗೋ, ಡೂಲಿ ಕೈ ಎತ್ತಿದ. ತಟ್ಟಿ."

ಅವನು ತಟ್ಟಿದ. ಇನ್ನೂರು ಜನ ನಿಲ್ಲಿಸಿದ ಮೇಲೂ ಇನ್ನೆರಡು ಸಲ ತಟ್ಟಿದ. ಎದುರಿಗೆ ನಿಂತು ಜನರನ್ನು ಹುರಿದುಂಬಿಸುತ್ತಿದ್ದ ಡೂಲಿ ಹುಬ್ಬೇರಿಸಿ ನೋಡಿದ. ವರ್ಲೀನ್ ನಗು ತಡೆದುಕೊಂಡಳು. ಆಮೇಲೆ, ಇಷ್ಟು ಪೆದ್ದನಂತೆ ಕಾಣುವವನು ಇಷ್ಟು ಒಳ್ಳೆಯ ಸೀಟು ಹೇಗೆ ಗಿಟ್ಟಿಸಿದ ಎಂಬ ಪ್ರಶ್ನೆ ಅವಳ ತಲೆಗೆ ಹೊಕ್ಕಿತು. ಹೊಕ್ಕಿದ್ದು ಹೊರಗೆ ಬರಲಿಲ್ಲ.

ಅವಳಿಗೆ ಅಲ್ಲಿನ ಕಟ್ಟುಕಟ್ಟಳೆಯೆಲ್ಲ ಗೊತ್ತಿತ್ತು. ಶಿಕಾಗೋ ಊರಿನ ಕೇಶಾಲಂಕಾರದ ಅಂಗಡಿಗಳಿಗೆಲ್ಲ ಸೋಮವಾರ ರಜೆ. ಅಲ್ಲಿ ಕೆಲಸ ಮಾಡುವ ಉಳಿದ ಹೆಂಗಸರು ಅವತ್ತು ಬಟ್ಟೆ ಒಗೆಯುತ್ತಾರೆ, ಮಲಗುತ್ತಾರೆ. ವರ್ಲೀನ್ ಮತ್ತು ಅವಳ ಅಂಗಡಿಯಲ್ಲಿ ಪಕ್ಕದ ಕುರ್ಚಿ ನೋಡಿಕೊಳ್ಳುವ ನೆಟ್ಟಿ ಎರಡು ವರ್ಷದಿಂದ ಟಿ.ವಿ.ಯ ಮಾರ್ಲಾ ಕೀನ್ ಶೋಗೆ ಬಂದು ಕೂರುತ್ತಿದ್ದರು. ಹೊರಗೆ ಚಳಿಯಲ್ಲಿ ಸಾಲು ನಿಂತಾಗ ಶೆರಿಲ್ ಎಂಬ ಹುಡುಗಿ ಕಿವಿಗೆ ಯಂತ್ರ ಸಿಕ್ಕಿಸಿಕೊಂಡು ಬರುತ್ತಾಳೆ. ಇವತ್ತಿನ ವಿಷಯದ ಬಗ್ಗೆ ನಿಮ್ಮ ಅಭಿಪ್ರಾಯವೇನು ಎಂದು ಒಬ್ಬೊಬ್ಬರನ್ನೇ ಕೇಳುತ್ತಾಳೆ. ಮಾತು ಬಲ್ಲವರ ಕೋಟಿಗೆ ದುಂಡನೆಯ ಹಳದಿ ಚೀಟಿ ಅಂಟಿಸುತ್ತಾಳೆ. ಹಳದಿ ಚೀಟಿಯವರಿಗೆ ಮುಂದಿನ ಸಾಲುಗಳು, ಓಡಾಡುವ ದಾರಿಯ ಪಕ್ಕ. ಮಾರ್ಲಾ ಮೈಕ್ ಹಿಡಿದು ಅವರ ಹತ್ತಿರವೇ ಬರುವುದು. ಬಾಯಿದ್ದವಳು ಬರಗಾಲದಲ್ಲೂ ಬದುಕಿದಳು ಎನ್ನುತ್ತಾರಲ್ಲ, ವರ್ಲೀನಳಿಗೆ ಎರಡು ವರ್ಷದಲ್ಲಿ ಒಮ್ಮೆಯೂ ಚೀಟಿ ತಪ್ಪಿರಲಿಲ್ಲ.

ಈ ಮನುಷ್ಯನ ಕೋಟಿನ ಮೇಲೂ ಚೀಟಿ ಇತ್ತು. ಎರಡು ಮಾತು ನೆಟ್ಟಗೆ ಆಡಲು ಬಾರದವನಿಗೆ.

"ಹಾಲಿಸ್ ಗೇಟ್‌ವುಡ್," ಎಂದ ಅವನು, ಜಾಹೀರಾತಿನ ಬಿಡುವಿನಲ್ಲಿ. "ಎಪ್ಪತ್ತೊಂಬತ್ತನೇ ಬೀದಿಯ ಬಸ್ಸು ನಂದು. ಬೆಳಿಗ್ಗೆ ಐದರಿಂದ ಹತ್ತು, ಆಮೇಲೆ ಮಧ್ಯಾಹ್ನ ಎರಡೂವರೆಯಿಂದ ಏಳು. ನಡುವೆ ಎಲ್ಲಿಗೆ ಹೋಗೋದು ಹೇಳಿ. ಇಲ್ಲಿ ಬೆಚ್ಚಗಿರುತ್ತೆ ಅಂದ್ರು, ಬಂದೆ."

"ನನ್ನ ಅಂಗಡಿ ಇರೋದೂ ಅದೇ ಬೀದೀಲಿ. ನಿಮ್ಮನ್ನ ನೋಡೇ ಇಲ್ಲ."

"ಡ್ರೈವರ್ ಮುಖ ಯಾರು ನೋಡ್ತಾರೆ," ಎಂದು ಅವನು ನಕ್ಕ. "ನಾನು ಮಾತ್ರ ನಿಮ್ಮನ್ನ ನೋಡಿದ್ದೀನಿ."

ಇನ್ನೊಬ್ಬಳಾಗಿದ್ದರೆ ಕರಗುತ್ತಿದ್ದಳು. ವರ್ಲೀನ್ ಬ್ಯಾಗನ್ನು ಮಡಿಲಿಂದ ಆಚೆ ಬದಿಗೆ ಇಟ್ಟುಕೊಂಡಳು.

ಕಾರಣ ಇಲ್ಲದಿರಲಿಲ್ಲ. ಅವಳ ಗಂಡ ರೋಡ್ನಿ ಹನ್ನೊಂದು ವರ್ಷ ಪಕ್ಕದ ಊರಿನಲ್ಲಿ ಇನ್ನೊಂದು ಸಂಸಾರ ನಡೆಸಿದ್ದ. ಅದು ಅವಳಿಗೆ ಗೊತ್ತಾದದ್ದು ಅತ್ತೆಯ ಅಂತ್ಯಕ್ರಿಯೆಯ ದಿನ, ಚರ್ಚಿನೊಳಗೆ. ಕಪ್ಪು ಟೋಪಿಯ ಹೆಂಗಸೊಬ್ಬಳು ಎರಡು ಮಕ್ಕಳ ಕೈ ಹಿಡಿದು ಬಂದು ಮನೆಯವರ ಸಾಲಿನಲ್ಲಿ ಕೂತಳು. ದೊಡ್ಡ ಮಗುವಿಗೆ ರೋಡ್ನಿಯ ಮೂಗು. ಮುನ್ನೂರು ಜನ ಮೊದಲು ಆ ಮಗುವನ್ನು ನೋಡಿದರು, ಆಮೇಲೆ ವರ್ಲೀನಳನ್ನು ನೋಡಿದರು. ಗಂಡ ಬಿಟ್ಟುಹೋದ ದುಃಖ ಒಂದು ವರ್ಷಕ್ಕೆ ಆರಿತು. ಆ ಮುನ್ನೂರು ಜೊತೆ ಕಣ್ಣುಗಳು ಇನ್ನೂ ಬೆನ್ನಿಗೆ ಅಂಟಿಕೊಂಡೇ ಇದ್ದವು. ಬಿಸಿ ಹಾಲಿಗೆ ಬಾಯಿ ಸುಟ್ಟುಕೊಂಡವಳು ಮಜ್ಜಿಗೆಯನ್ನೂ ಊದಿ ಕುಡಿಯಬೇಕಾಗುತ್ತದೆ.

ಎರಡನೇ ಸೋಮವಾರ ಹಾಲಿಸ್ ಸಾಲಿನಲ್ಲಿ ಅವಳಿಗೆ ಜಾಗ ಹಿಡಿದಿದ್ದ. ಕೈಯಲ್ಲಿ ಕಾಫಿ.

"ಎರಡು ಸಕ್ಕರೆ, ಹಾಲು ಇಲ್ಲ," ಎಂದ.

"ನಿಮಗೆ ಯಾರು ಹೇಳಿದ್ದು?"

"ನಿಮ್ಮ ಗೆಳತೀನ ಕೇಳಿದೆ."

"ಯಾವಾಗ?"

"ಕಾಫಿ ತಣ್ಣಗಾಗುತ್ತೆ, ವರ್ಲೀನ್ ಅವರೇ. ಕುಡೀತಾ ವಿಚಾರಣೆ ಮಾಡಿ."

ನೆಟ್ಟಿ ಕಿಸಕ್ಕನೆ ನಕ್ಕಳು. ವರ್ಲೀನ್ ಕುಡಿದಳು. ಕಾಫಿ ಚೆನ್ನಾಗಿತ್ತು, ಅದೂ ಅನುಮಾನಕ್ಕೆ ಒಂದು ಕಾರಣವಾಯಿತು. ಅವನ ಕಣ್ಣು ಅವಳ ಮುಖದ ಮೇಲೆ ಬಂದು ಕೂರುತ್ತಿತ್ತು, ಅವಳು ತಿರುಗಿದೊಡನೆ ಟೋಪಿಯ ಅಂಚಿಗೆ ಇಳಿಯುತ್ತಿತ್ತು. ಮತ್ತೆ ಮೆಲ್ಲಗೆ ಏರುತ್ತಿತ್ತು. ತನಗೆ ನಲವತ್ತಾರು ಎಂದು ಹೇಳಿಕೊಂಡ ಗಂಡಸು ಹೀಗೆ ನೋಡುವುದುಂಟೇ ಎಂದು ಅವಳಿಗೆ ಸಿಟ್ಟು ಬರಬೇಕಿತ್ತು. ಬಂದದ್ದು ಸಿಟ್ಟಲ್ಲ, ಅದು ಅವಳಿಗೆ ಚೆನ್ನಾಗಿ ಗೊತ್ತಿತ್ತು, ಅದಕ್ಕೇ ಇನ್ನಷ್ಟು ಹುಷಾರಾದಳು.

ಅವತ್ತಿನ ವಿಷಯ ಗುಟ್ಟಿನ ಪ್ರೀತಿ. ಒಬ್ಬ ಅಂಚೆಯವನು ವೇದಿಕೆಯ ಮೇಲೆ ಮಂಡಿಯೂರಿ, ಏಳು ವರ್ಷದಿಂದ ತಾನು ಕಾಗದ ಕೊಡುತ್ತಿದ್ದ ಹೆಂಗಸಿಗೆ ಮನಸ್ಸು ಬಿಚ್ಚಿ ಹೇಳಿದ. ಸ್ಟುಡಿಯೋ ಇಡೀ ಅತ್ತಿತು. ವರ್ಲೀನ್ ಎಲ್ಲರಿಗಿಂತ ಮೊದಲು ಅತ್ತಳು. ಕ್ಯಾಮರಾ ಅವಳ ಕೆನ್ನೆಯ ಮೇಲಿನ ಹನಿಯನ್ನು ಹಿಡಿಯಿತು, ಹಾಲಿಸ್ ತನ್ನ ಕರವಸ್ತ್ರ ಕೊಟ್ಟ.

ಮೂರನೇ ಸೋಮವಾರ ಅವಳು ಬಂದಾಗ ಅವನು ಸಾಲಿನಲ್ಲಿರಲಿಲ್ಲ. ಪಕ್ಕದ ಬಾಗಿಲ ಹತ್ತಿರ ಶೆರಿಲ್ ಜೊತೆ ತಲೆ ಬಗ್ಗಿಸಿ ಪಿಸುಗುಡುತ್ತಿದ್ದ. ಶೆರಿಲ್ ಅವನ ತೋಳು ತಟ್ಟಿ ನಕ್ಕಳು. ವರ್ಲೀನಳನ್ನು ಕಂಡದ್ದೇ ಅವನು ಒಂದು ಕಾಗದ ಮಡಚಿ ಒಳಜೇಬಿಗೆ ತುರುಕಿದ.

"ಏನದು?" ಎಂದು ಕೇಳಿದಳು.

"ಬಚ್ಚಲು ಎಲ್ಲಿದೆ ಅಂತ ಕೇಳ್ತಿದ್ದೆ."

ಮೂರು ವಾರದಿಂದ ಬರುತ್ತಿರುವವನು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ; ಅವನ ಕೈ ಅವತ್ತಿಡೀ ಎದೆಯ ಜೇಬಿನ ಮೇಲೇ ಇತ್ತು.

ಆ ವಾರ ಅವಳಿಗೆ ಹಳದಿ ರವಿಕೆಯ ಹೆಂಗಸು ನೆನಪಾಗತೊಡಗಿದಳು. ಬೇಸಿಗೆಯಲ್ಲಿ ನಡೆದದ್ದು. ತಾನು ಬರೀ ಪ್ರೇಕ್ಷಕಿ ಎಂದುಕೊಂಡು ಬಂದಿದ್ದ ಅವಳನ್ನು ಮಾರ್ಲಾ ಹೆಸರು ಹಿಡಿದು ವೇದಿಕೆಗೆ ಕರೆದಿದ್ದಳು. ಪರದೆಯ ಹಿಂದಿನಿಂದ ಅವಳ ಗಂಡ ಬಂದ, ಅವಳ ಸ್ವಂತ ತಂಗಿಯ ಕೈ ಹಿಡಿದು. ಡೂಲಿ ಎರಡೂ ಕೈ ಎತ್ತಿದ. ಇನ್ನೂರು ಜನ "ಊ..." ಎಂದು ರಾಗ ಎಳೆದರು. ಆ ಹೆಂಗಸು ಒಂದು ಚಪ್ಪಲಿಯನ್ನು ಅಲ್ಲೇ ಬಿಟ್ಟು ಓಡಿದಳು. ರಾಗ ಎಳೆದವರಲ್ಲಿ ವರ್ಲೀನಳ ಗಂಟಲೇ ದೊಡ್ಡದಾಗಿತ್ತು.

"ಅವನನ್ನ ನನ್ನ ಮೇಲೆ ಛೂ ಬಿಟ್ಟಿದ್ದಾರೆ," ಎಂದಳು ನೆಟ್ಟಿಗೆ. "ರೋಡ್ನಿ ಎಲ್ಲಿಂದಲೋ ಬರ್ತಾನೆ ನೋಡು. ಅವಳೂ ಬರ್ತಾಳೆ, ಟೋಪಿ ಹಾಕ್ಕೊಂಡು."

"ಹೌದೌದು. ಇಡೀ ಅಮೆರಿಕಾದಲ್ಲಿ ಅವರಿಗೆ ನೀನೊಬ್ಬಳೇ ಸಿಕ್ಕಿದ್ದು," ಎಂದಳು ನೆಟ್ಟಿ. "ಒಬ್ಬ ಗಂಡಸು ನಿನಗೆ ಕಾಫಿ ತಂದ್ರೆ ಅದು ಪಿತೂರಿ. ತರದಿದ್ರೆ ಗಂಡಸ್ರೆಲ್ಲ ಹಾಳು. ಯಾವ ಕಡೆಯಿಂದ ಬಂದ್ರೆ ನಿನಗೆ ಸರಿಹೋಗುತ್ತೆ, ತಾಯಿ?"

"ನೀನು ಎರಡು ಸಕ್ಕರೆ ಅಂತ ಹೇಳಿದ್ದು ಯಾಕೆ?"

"ಕೇಳಿದ, ಹೇಳಿದೆ. ಕೇಳುವಾಗ ಅವನ ಕಿವಿ ಕೆಂಪಾಗಿತ್ತು. ಪಿತೂರಿ ಮಾಡೋರ ಕಿವಿ ಕೆಂಪಾಗಲ್ಲ."

ನಾಲ್ಕನೇ ಸೋಮವಾರ ಶೆರಿಲ್ ಸಾಲಿನಲ್ಲಿ ಯಾರನ್ನೂ ಏನೂ ಕೇಳಲಿಲ್ಲ. ಇವತ್ತಿನ ವಿಷಯ ಗುಟ್ಟು ಎಂದಳು. ಹಾಲಿಸನನ್ನು ಮೂರನೇ ಸಾಲಿನ ಅಂಚಿಗೆ ಕೂರಿಸಿದಳು. ಅವನ ಪಕ್ಕ ವರ್ಲೀನ್, ಅವಳ ಆಚೆ ನೆಟ್ಟಿ. ಪ್ರೇಕ್ಷಕರೆಲ್ಲ ಒಂದು ಹಾಳೆಯ ಬಿಳಿ ಒಪ್ಪಿಗೆ ಪತ್ರಕ್ಕೆ ಸಹಿ ಹಾಕುವುದು ರೂಢಿ. ವೇದಿಕೆಗೆ ಹೋಗುವ ಅತಿಥಿಗಳಿಗೆ ಮಾತ್ರ ಎರಡು ಹಾಳೆಯ ನೀಲಿ ಪತ್ರ. ಹಾಲಿಸ್ ಕೋಟು ಬಿಚ್ಚಿ ಮಡಿಲ ಮೇಲೆ ಹಾಕಿಕೊಂಡಾಗ ಒಳಜೇಬಿನಿಂದ ಕಾಗದದ ಮೂಲೆ ಇಣುಕಿತು.

ನೀಲಿ.

ಅವಳು ಅವನನ್ನು ಕೇಳಲಿಲ್ಲ. ಕೈ ಹಾಕಿ ಎಳೆದಳು. ಕೆಳಗೆ ಅವನ ಸಹಿ, ದೊಡ್ಡ ದೊಡ್ಡ ಅಕ್ಷರದಲ್ಲಿ.

"ಎಷ್ಟು ಕೊಟ್ರು?" ಎಂದಳು. ಎದುರಿಗೆ ಡೂಲಿ ಚಪ್ಪಾಳೆ ಕಲಿಸುತ್ತಿದ್ದ. "ಯಾರು ಬರ್ತಾರೆ ಪರದೆ ಹಿಂದಿನಿಂದ? ರೋಡ್ನಿಯಾ?"

"ಯಾರು ರೋಡ್ನಿ?" ಹಾಲಿಸನ ಮುಖ ಬಿಳಚಿತು. "ಯಾರೂ ಬರಲ್ಲ. ನಾನೇ. ನಾನೇ ಹೇಳ್ಬೇಕಂತಿದ್ದೆ."

"ಏನು?"

ಅವನು ಟೋಪಿಯನ್ನು ಮೊಣಕಾಲಿಗೆ ಒತ್ತಿದ. "ಮೊದಲನೇ ದಿನ ಸಾಲಿನಲ್ಲಿ, ಒಬ್ಬರ ಮೇಲೆ ಮನಸ್ಸಿದೆ ಅಂದಿದ್ದಕ್ಕೇ ಶೆರಿಲ್ ನನಗೆ ಚೀಟಿ ಅಂಟಿಸಿದ್ದು. ಗುಟ್ಟಿನ ಪ್ರೀತಿ, ಎರಡನೇ ಭಾಗ. ಜನರ ಮಧ್ಯದಿಂದ ಒಬ್ಬ ಎದ್ದು ನಿಂತು ಹೇಳಬೇಕು ಅಂದ್ರು. ನಾನು ಒಪ್ಪಿದೆ. ಹೆಸರು ಹೇಳಿಲ್ಲ, ಅಲ್ಲೇ ತೋರಿಸ್ತೀನಿ ಅಂದೆ."

"ಹೊರಗೆ ಸಾಲಿನಲ್ಲಿ ಗಂಟೆಗಟ್ಟಲೆ ನಿಂತಿದ್ದೆವಲ್ಲ. ಅಲ್ಲಿ ಹೇಳೋಕೆ ಬಾಯಿ ಬರಲಿಲ್ವಾ?"

"ನಿಮಗೆ ಹೀಗೆ ಇಷ್ಟ ಅಂದ್ಕೊಂಡೆ. ಆ ಅಂಚೆಯವನು ಹೇಳಿದಾಗ ನೀವು ಅತ್ತಿರಿ. ನಾನು ಪಕ್ಕದಲ್ಲೇ ಇದ್ದೆ. ಯಾರಾದ್ರೂ ನನಗೂ ಹೀಗೆ ಹೇಳಬಾರದಾ ಅಂತ ಅಳ್ತಿದ್ದೀರಿ ಅಂದ್ಕೊಂಡೆ."

ವರ್ಲೀನ್ ಅವನನ್ನೇ ನೋಡಿದಳು. "ಡೂಲಿ ಕಣ್ಣು ಒರೆಸ್ಕೊಂಡು ತೋರಿಸಿದ, ನಾನು ಅತ್ತೆ. ನಮ್ಮಜ್ಜಿ ಸತ್ತಿದ್ದನ್ನ ನೆನೆಸ್ಕೋತೀನಿ, ಕಣ್ಣೀರು ಬರುತ್ತೆ. ಪ್ರತಿ ಸಲ ಅದನ್ನೇ ನೆನೆಸ್ಕೋತೀನಿ. ಇಲ್ಲಿ ನಮ್ಮ ಕೆಲಸ ಅದು. ಇಷ್ಟೂ ಜನದ ಕೆಲಸ ಅದೇ."

"ಅಷ್ಟೂ ಸುಳ್ಳಾ?"

"ನನ್ನ ಗಂಡನ ಇನ್ನೊಂದು ಸಂಸಾರ ನನಗೆ ಗೊತ್ತಾಗಿದ್ದು ಮುನ್ನೂರು ಜನರ ಎದುರು, ಹಾಲಿಸ್. ಅವತ್ತು ನನ್ನ ಮುಖದಲ್ಲಿ ಏನಿತ್ತು ಅಂತ ನನಗಿಂತ ಮೊದಲು ಅವರಿಗೆ ಗೊತ್ತಾಯ್ತು. ಇನ್ನೊಂದು ಸಲ ನನ್ನ ಮುಖ ನೋಡೋಕೆ ಜನ ಸೇರಿಸಬೇಡಿ. ಒಳ್ಳೇ ಮಾತಿಗಾದ್ರೂ ಬೇಡ."

ಅವನು ಬಾಯಿ ತೆರೆದ. ಅಷ್ಟರಲ್ಲಿ ದೀಪಗಳು ಹೊತ್ತಿಕೊಂಡವು, ಡೂಲಿಯ ಕೈ ಮೇಲಕ್ಕೆ ಹೋಯಿತು. ಮಾರ್ಲಾ ಕೀನ್ ಕೆಂಪು ಸೂಟಿನಲ್ಲಿ ಮೈಕ್ ಹಿಡಿದು ನೇರ ಮೂರನೇ ಸಾಲಿಗೆ ಬಂದಳು.

"ಹಾಲಿಸ್," ಎಂದಳು, ಜೇನು ಸುರಿಸುತ್ತ. "ನಿಮ್ಮ ಮನಸ್ಸು ಕದ್ದವಳು ಇವತ್ತು ಈ ಕೋಣೆಯೊಳಗೇ ಇದ್ದಾಳಂತೆ. ಎಲ್ಲಿ, ತೋರಿಸಿ."

ಹಾಲಿಸ್ ಎದ್ದ. ವರ್ಲೀನಳಿಗೆ ಕಿವಿಯಲ್ಲಿ ತನ್ನ ರಕ್ತ ಓಡುವ ಸದ್ದೇ ಕೇಳಿಸುತ್ತಿತ್ತು. ಅವನು ದಾರಿಗೆ ಕಾಲಿಟ್ಟವನು ಅವಳ ಕಡೆ ತಿರುಗಲಿಲ್ಲ. ಮೆಟ್ಟಿಲು ಹತ್ತಿ ಹಿಂದಕ್ಕೆ ನಡೆಯತೊಡಗಿದ. ಮಾರ್ಲಾ ಹಿಂದೆ ಹಿಂದೆ ಹೋದಳು, ಕ್ಯಾಮರಾಗಳೂ ಹೋದವು. ಹತ್ತನೇ ಸಾಲು, ಹನ್ನೆರಡನೇ ಸಾಲು. ಹೆಂಗಸರು ಕೈಬೀಸಿ, "ನಾನಾ? ನಾನಾ?" ಎಂದು ನಗುತ್ತಿದ್ದರು.

"ಬಂದಿಲ್ಲ," ಎಂದ ಅವನು ಮೇಲಿನ ಮೆಟ್ಟಿಲಲ್ಲಿ ನಿಂತು.

"ಏನು?"

"ಅವಳು ಇವತ್ತು ಬಂದಿಲ್ಲ, ಮೇಡಂ. ತಪ್ಪಾಯ್ತು."

"ಹೋಗಲಿ, ಬಂದಿದ್ರೆ ಏನು ಹೇಳ್ತಿದ್ರಿ? ನಮಗೆ ಹೇಳಿ."

"ಅದು ಅವಳಿಗೆ ಹೇಳೋ ಮಾತು."

ಮಾರ್ಲಾಳ ನಗು ಬಿಗಿಯಿತು. "ಇಷ್ಟು ದೊಡ್ಡ ಆಳು, ಇಷ್ಟು ಸಣ್ಣ ಗುಂಡಿಗೆ," ಎಂದಳು ಕ್ಯಾಮರಾದ ಕಡೆ ನೋಡಿ. ಡೂಲಿ ಎರಡೂ ಕೈ ಬೀಸಿದ. ಇನ್ನೂರು ಗಂಟಲು ಅವನನ್ನು ಹೀಯಾಳಿಸಿ ಊಳಿಟ್ಟವು. "ಚಿಂತೆ ಬೇಡ. ಬರುವ ವಾರ ಆ ಹೆಂಗಸನ್ನ ನಾವೇ ಹುಡುಕಿ ತರ್ತೀವಿ," ಎಂದಳು ಮಾರ್ಲಾ. ಆ ಮಾತು ಕೇಳಿದ್ದೇ ವರ್ಲೀನಳ ಮನಸ್ಸು ಮತ್ತೆ ಬಾಗಿಲು ಹಾಕಿಕೊಂಡಿತು. ಹಾಗಾದರೆ ಇದೂ ಆಟವೇ. ಒಂದು ವಾರ ಕಾಯಿಸಿ ಆಮೇಲೆ ಬಲೆ ಬೀಸುವ ಉಪಾಯ. ಮೊದಲ ಬಿಡುವಿನಲ್ಲೇ ನೆಟ್ಟಿಯ ಕೈ ಹಿಡಿದು ಹೊರಗೆ ನಡೆದಳು. ಹಿಂದಿನಿಂದ ಅವನು ಒಮ್ಮೆ ಹೆಸರು ಹಿಡಿದು ಕರೆದ. ತಿರುಗಿ ನೋಡಲಿಲ್ಲ.

ಗುರುವಾರ ನಾಲ್ಕು ಗಂಟೆಗೆ ಅಂಗಡಿಯ ಟಿ.ವಿ.ಯಲ್ಲಿ ಶೋ ಬಂತು. ಮಾಮೂಲಿನಂತೆ ಎಲ್ಲ ಕುರ್ಚಿಗಳೂ ತುಂಬಿದ್ದವು. ವರ್ಲೀನ್ ಎಪ್ಪತ್ತರ ಯೂಲಮ್ಮನ ತಲೆಗೆ ಗುಂಗುರು ನೆಟ್ಟಗಾಗಿಸುವ ಬಿಸಿ ಬಾಚಣಿಗೆ ಹಾಕುತ್ತಿದ್ದಳು.

"ಅಯ್ಯೋ ಇವನು ನಮ್ಮ ಬಸ್ಸಿನವನಲ್ವಾ?" ಎಂದಳು ಯೂಲಮ್ಮ. "ನೋಡು ಹೇಗೆ ನಿಂತಿದ್ದಾನೆ, ಪೆಚ್ಚು ಮೋರೆ ಹಾಕ್ಕೊಂಡು."

"ಯಾವಳೋ ಕೈಕೊಟ್ಟಳು ಪಾಪ," ಎಂದಳು ಕೂದಲು ಒಣಗಿಸುವ ಯಂತ್ರದ ಕೆಳಗಿದ್ದವಳು. "ಇಂಥವನಿಗೆ ಯಾರು ಬರ್ತಾರೆ ಬಿಡಿ. ಎರಡು ಮಾತಾಡೋಕೆ ಬರಲ್ಲ."

ಎಲ್ಲರೂ ನಕ್ಕರು. ನೆಟ್ಟಿ ಒಬ್ಬಳು ನಗಲಿಲ್ಲ, ಕನ್ನಡಿಯಲ್ಲಿ ವರ್ಲೀನಳನ್ನೇ ನೋಡುತ್ತಿದ್ದಳು.

ವರ್ಲೀನ್ ಟಿ.ವಿ. ನೋಡುತ್ತಿದ್ದಳು. ಎರಡು ವರ್ಷ ಆ ಸೀಟಿನಲ್ಲಿ ಕೂತವಳಿಗೆ ಒಂದು ಸಂಗತಿ ಗೊತ್ತು: ಮಾತಾಡುವವನು ಎದ್ದು ನಿಂತರೆ ಪಕ್ಕದವಳೂ ಕ್ಯಾಮರಾಗೆ ಸಿಕ್ಕೇ ಸಿಗುತ್ತಾಳೆ, ತಪ್ಪಿಸಿಕೊಳ್ಳುವಂತಿಲ್ಲ. ಅವಳು ತನ್ನ ಮುಖ ಬರುವುದನ್ನೇ ಕಾಯುತ್ತಿದ್ದಳು. ಹಾಲಿಸ್ ಎದ್ದ, ಅವನ ಅಗಲ ಬೆನ್ನು ಪರದೆ ತುಂಬಿತು. ಕ್ಯಾಮರಾ ಎಡಕ್ಕೆ ಸರಿಯಿತು. ಅವನೂ ಎಡಕ್ಕೆ ಸರಿದ. ಬಲಕ್ಕೆ ಬಂತು; ಅವನ ಹೆಗಲು ಬಲಕ್ಕೆ ಬಂತು. ಆಮೇಲೆ ನಡೆಯತೊಡಗಿದ, ಕೋಣೆಯ ಕಣ್ಣನ್ನೆಲ್ಲ ತನ್ನ ಹಿಂದೆ ಎಳೆದುಕೊಂಡು, ಅವಳಿಂದ ದೂರ, ಮೇಲಕ್ಕೆ. ಮೆಟ್ಟಿಲ ತುದಿಯಲ್ಲಿ ಒಬ್ಬನೇ ನಿಂತು ಊಳು ಕೇಳಿಸಿಕೊಂಡ. ಅವಳ ಮುಖ ಎಲ್ಲಿಯೂ ಬರಲಿಲ್ಲ, ಒಂದು ಕ್ಷಣವೂ. ಅವಳಿಗೆ ಬರಬೇಕಾದ ನಗೆಪಾಟಲನ್ನು ಅವನು ಬೇಕೆಂದೇ ತನ್ನ ಮೇಲೆ ಹಾಕಿಕೊಂಡಿದ್ದ. ಮೂರು ದಿನದಿಂದ ಊಟ ಬಿಟ್ಟು ಅವಳು ಹುಡುಕುತ್ತಿದ್ದ ಮೋಸ ಅಲ್ಲಿರಲಿಲ್ಲ.

"ಗುಂಡಿಗೆ ಇಲ್ಲದ ಗಂಡಸು," ಎಂದಳು ಯೂಲಮ್ಮ.

"ಅವಳು ಬಂದಿದ್ಲು," ಎಂದಳು ವರ್ಲೀನ್.

"ಯಾರು?"

"ಆ ಹೆಂಗಸು. ಅವನ ಪಕ್ಕದಲ್ಲೇ ಕೂತಿದ್ಲು. ನಾನೇ ಅವಳು. ಹೇಳಬೇಡಿ ಅಂದೆ, ಅದಕ್ಕೆ ಹೇಳಲಿಲ್ಲ."

ಆರು ಜನ ಅವಳ ಕಡೆ ತಿರುಗಿದರು. ಒಣಗಿಸುವ ಯಂತ್ರದ ಕೆಳಗಿದ್ದವಳು ತಲೆ ಹೊರಗೆ ತೆಗೆದು ನೋಡಿದಳು. ವರ್ಲೀನಳ ಮುಖ ಕಾವೇರಿತು. ಆದರೆ ಅವಳು ತಲೆ ತಗ್ಗಿಸಲಿಲ್ಲ, ನೋಡಲಿ ಎಂದು ನಿಂತಳು.

"ನಿನಗೆ ಅವನು ಬೇಕಾ?" ಎಂದು ಕೇಳಿದಳು ಯೂಲಮ್ಮ, ನೇರ.

"ಬೇಕು."

"ಹಾಗಾದ್ರೆ ನನ್ನ ತಲೆ ಹಿಡ್ಕೊಂಡು ಇಲ್ಲೇನು ಮಾಡ್ತಿದ್ದೀಯ? ನಾಲ್ಕೂ ಮುಕ್ಕಾಲಿಗೆ ಅವನ ಬಸ್ಸು. ಉಳಿದರ್ಧ ನೆಟ್ಟಿ ಮಾಡ್ತಾಳೆ, ನಡಿ."

ಬಸ್ ಸ್ಟಾಪಿನಲ್ಲಿ ಹಿಮ ಕಾಲ್ಗಂಟಿನ ತನಕ ಬಂದಿತ್ತು. ಅವಳ ಮುಂದೆ ಕಿರಾಣಿ ಚೀಲ ಹಿಡಿದ ಹೆಂಗಸೊಬ್ಬಳು. ಬಸ್ಸು ಬಂತು, ಬಾಗಿಲು ತೆರೆಯಿತು. ಆ ಹೆಂಗಸು ಮೊದಲ ಮೆಟ್ಟಿಲಲ್ಲೇ ನಿಂತುಬಿಟ್ಟಳು.

"ಏನಪ್ಪಾ, ನಿನ್ನನ್ನ ಈಗಷ್ಟೇ ಟಿ.ವಿ.ಯಲ್ಲಿ ನೋಡಿದೆ. ಅವಳು ಬರಲೇ ಇಲ್ವಂತೆ?"

"ಇಲ್ಲಮ್ಮ," ಎಂದ ಹಾಲಿಸ್, ಸ್ಟಿಯರಿಂಗ್ ನೋಡುತ್ತ.

"ಬಂದಿದ್ದಾಳೆ," ಎಂದಳು ವರ್ಲೀನ್ ಹಿಂದಿನಿಂದ. "ನೀವು ಸ್ವಲ್ಪ ಒಳಗೆ ಹೋದ್ರೆ ಹತ್ತುತ್ತಾಳೆ."

ಹಾಲಿಸ್ ತಲೆ ಎತ್ತಿದ. ಕಿರಾಣಿ ಚೀಲದ ಹೆಂಗಸು ಇಬ್ಬರನ್ನೂ ನೋಡಿ, ಒಳಗೆ ಸರಿದು, ಎಲ್ಲ ಚೆನ್ನಾಗಿ ಕಾಣುವ ಸೀಟು ಹುಡುಕಿಕೊಂಡಳು. ಹಿಂದೆ ಯಾರೋ ಬಸ್ಸು ಹೊರಡಲಿ ಎಂದು ಕೂಗಿದರು.

"ಅವತ್ತು ಹೇಳಬೇಕಂತಿದ್ದ ಮಾತು ಹೇಳಿ," ಎಂದಳು ವರ್ಲೀನ್.

"ಇಲ್ಲಿ? ಇಷ್ಟು ಜನ ಇದ್ದಾರೆ."

"ಇರಲಿ. ಈ ಸಲ ನಾನೇ ಕೇಳ್ತಿರೋದು."

"ಬಸ್ಸು ಓಡಿಸುವಾಗ ಡ್ರೈವರ್ ಮಾತಾಡೋ ಹಾಗಿಲ್ಲ," ಎಂದ ಅವನು. ಕಿವಿ ಕೆಂಪಾಗಿತ್ತು. "ಕೊನೇ ಸ್ಟಾಪಿನ ತನಕ ಬರ್ತೀರಾ?"

ಬಂದಳು. ಸರೋವರದ ದಂಡೆಯಲ್ಲಿ ಎಲ್ಲರೂ ಇಳಿದರು, ಕಿರಾಣಿ ಚೀಲದವಳು ಕೊನೆಗೆ, ಮನಸ್ಸಿಲ್ಲದೆ. ಹಾಲಿಸ್ ಎಂಜಿನ್ ಆರಿಸಿ, ಟೋಪಿ ತೆಗೆದು, ಅವಳ ಎದುರಿನ ಸೀಟಿನಲ್ಲಿ ಕೂತ.

"ನೀವು ಅಂಗಡಿ ಬಾಗಿಲು ಹಾಕಿ ಬೀಗ ಎಳೆದು ನೋಡ್ತೀರಲ್ಲ, ಎರಡೆರಡು ಸಲ. ಒಂದು ವರ್ಷದಿಂದ ನೋಡ್ತಿದ್ದೀನಿ. ಇವರಿಗೆ ಬೀಗದ ಮೇಲೂ ನಂಬಿಕೆ ಇಲ್ಲ ಅನ್ಕೋತಿದ್ದೆ. ನನ್ನನ್ನ ನಂಬಿದ್ರೆ ಎಷ್ಟು ಚೆನ್ನಾಗಿರುತ್ತೆ ಅನ್ಕೋತಿದ್ದೆ. ನಿಮ್ಮನ್ನ ಪ್ರೀತಿಸ್ತೀನಿ, ವರ್ಲೀನ್. ಇಷ್ಟೇ ಮಾತು."

ಅವಳಿಗೆ ಅಳು ಬಂತು. ಈ ಸಲ ಅಜ್ಜಿಯನ್ನು ನೆನೆಯಬೇಕಾಗಿ ಬರಲಿಲ್ಲ.

"ನನಗೂ ನೀನು ಬೇಕು," ಎಂದಳು. "ಆದ್ರೆ ನನಗೆ ಅನುಮಾನ ಬೇಗ ಬಿಡಲ್ಲ. ಜೇಬು ನೋಡ್ತೀನಿ, ಎಲ್ಲಿ ಹೋಗಿದ್ದೆ ಅಂತ ಕೇಳ್ತೀನಿ. ಸುಳ್ಳು ಮಾತ್ರ ಒಂದೂ ಹೇಳಬೇಡ, ಸಣ್ಣದೂ ಬೇಡ."

ಅವನು ಕೈಯಲ್ಲಿದ್ದ ಟೋಪಿ ತಿರುಗಿಸಿದ. "ಹಾಗಾದ್ರೆ ಒಂದು ಈಗಲೇ ಒಪ್ಕೋಬೇಕು. ನನಗೆ ನಲವತ್ತಾರಲ್ಲ. ಐವತ್ತೆರಡು."

"ಗೊತ್ತು."

"ಹೇಗೆ?"

"ಇಪ್ಪತ್ತು ವರ್ಷದಿಂದ ಊರವರ ತಲೆಗೆ ಬಣ್ಣ ಹಚ್ತಿದ್ದೀನಿ. ಮೊದಲನೇ ದಿನವೇ ಕಿವಿ ಹಿಂದೆ ಬುಡ ಬೆಳ್ಳಗಿರೋದು ಕಂಡಿತ್ತು."

"ಮತ್ತೆ ಒಂದು ಮಾತೂ ಆಡಲಿಲ್ಲ? ನೀವು?"

"ಮಾರನೇ ಸೋಮವಾರ ಹಿಂದೆಲ್ಲ ನೀಟಾಗಿ ಕಪ್ಪಾಗಿತ್ತು," ಎಂದಳು ವರ್ಲೀನ್, ಕಣ್ಣು ಒರೆಸಿಕೊಳ್ಳುತ್ತ. "ನನಗೋಸ್ಕರ ಹಚ್ಕೊಂಡು ಬಂದಿದ್ದಾನೆ ಅಂತ ಅವತ್ತು ರಾತ್ರಿ ನನಗೆ ನಿದ್ದೆ ಬರಲಿಲ್ಲ. ಬಾ ಇಲ್ಲಿ. ಎಡಗಡೆ ಬಣ್ಣ ಇನ್ನೂ ಸರಿಯಾಗಿ ಹತ್ತಿಲ್ಲ."

ಅವನು ಎದ್ದು ಬಂದು ಅವಳ ಪಕ್ಕದಲ್ಲಿ ತಲೆ ಬಗ್ಗಿಸಿ ಕೂತ.